ಮೈಸೂರಿನಲ್ಲಿ ಅತ್ತೆ ಓಡಿಸಿದ ಚಿಗರಿ

ನಮ್ಮ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿ ಕೆಲವು ವರ್ಷಗಳಾಗಿದ್ದವು. ನನ್ನ ಮೈದುನನಿಗೆ ಮೈಸೂರಿನಲ್ಲೇ ನೌಕರಿ ಸಿಕ್ಕಿತು. ಅವನನ್ನು ನೋಡಲು ನಾನೂ ಅತ್ತೆಯೂ ನಮ್ಮೂರು ಯಂಕಂಚಿಯಿಂದ ಹೊರಟೆವು. ಅತ್ತೆ ಅದುವರೆಗೆ ಸಿಂದಗಿ, ಇಂಡಿ ದಾಟಿದವರಲ್ಲ. ರೊಟ್ಟಿಯ ಗಂಟನ್ನು ಮಡಿಲಲ್ಲಿಟ್ಟುಕೊಂಡು ಕೂತವರು ರೈಲಿನ ಕಿಟಕಿ ಬಿಟ್ಟು ಕದಲಲಿಲ್ಲ.

ಮೈದುನ ನಮ್ಮನ್ನು ಮೃಗಾಲಯಕ್ಕೆ ಕರೆದೊಯ್ದ.

"ಮೊದಲ ಇದು ಅರಮನಿಯವರಿಗಷ್ಟ ಇತ್ತವ್ವ. ಆಮ್ಯಾಲೆ ಎಲ್ಲಾರಿಗೂ ತೆರದ್ರು" ಎಂದ.

ಅತ್ತೆ ಆನೆಗೆ ಕೈಮುಗಿದರು. ಕರಡಿ ಕಂಬಕ್ಕೆ ಬೆನ್ನು ತಿಕ್ಕುವುದನ್ನು ಕಂಡು, "ಥೇಟ್ ನಿಮ್ಮ ಮಾವ ನೋಡವ್ವಾ" ಎಂದು ನನ್ನ ಕಿವಿಯಲ್ಲಿ ಹೇಳಿ, ಸೆರಗು ಬಾಯಿಗೆ ಒತ್ತಿ ನಕ್ಕರು.

ಮುಂದಿನ ಬೇಲಿಯೊಳಗೆ ಚಿಗರಿಗಳಿದ್ದವು; ಹಲಗೆಯ ಮೇಲೆ ಕೃಷ್ಣಮೃಗ ಎಂದು ಬರೆದಿತ್ತು.

"ಅಯ್ಯ, ಇವನ್ನ ನೋಡಾಕ ತಿಕೀಟ ತಗಸಿದ್ಯೇನೋ? ದಿನಾ ನಮ್ಮ ಹೊಲದಾಗ ಕಡ್ಲಿ ತಿಂತಾವಲ್ಲೋ!"

ಆದರೆ ಅವರು ಅಲ್ಲೇ ನಿಂತುಬಿಟ್ಟರು. ಚಿಗರಿಗಳು ಮಣ್ಣಿನಲ್ಲಿ ಸುಮ್ಮನೆ ಮಲಗಿದ್ದವು. ಮೇವು ಹಾಕುತ್ತಿದ್ದವನನ್ನು ಕೇಳಿದರು: "ಇವ್ಯಾಕ್ರಿ ಓಡವಲ್ವು?"

"ಇಲ್ಲೇ ಹುಟ್ಟಿದ್ವು ತಾಯಿ. ಓಡೋದು ಗೊತ್ತಿದೆ, ಜಾಗ ಸಾಲಲ್ಲ" ಎಂದನಾತ.

ಅತ್ತೆಗೆ ಏನನ್ನಿಸಿತೋ, ಹೊಲದಲ್ಲಿ ಅವುಗಳನ್ನು ಬೆದರಿಸುವ ಹಾಗೆಯೇ ಚಪ್ಪಾಳೆ ತಟ್ಟಿ "ಹೋಯ್! ಹೋಯ್!" ಎಂದು ಕೂಗಿದರು. ಹಿಂಡಿಗೆ ಹಿಂಡೇ ನೆಗೆಯಿತು. ಒಂದರ ಮೇಲೊಂದು ಹಾರಿ ಬೇಲಿಯುದ್ದಕ್ಕೂ ಸುತ್ತಿದವು. ನೆರೆದವರು ಸೀಟಿ ಹೊಡೆದರು. ಮೇವಿನವನು ಗದರಲು ಬಾಯಿ ತೆರೆದವನು ತಾನೇ ನಕ್ಕುಬಿಟ್ಟ.

ವಾಪಸು ಬರುವಾಗ ಅತ್ತೆ, "ಅವನ್ನ ಬಿಟ್ಟುಬಿಡಬೇಕಪ್ಪಾ" ಎಂದರು.

"ಬಿಟ್ರ ಬಂದೂಕಿನವ್ರು ಉಳಸ್ತಾರೇನವ್ವ? ಇಲ್ಲಿ ಜೀವದಿಂದರ ಇರತಾವ" ಎಂದ ಮೈದುನ. ನನಗೆ ಇಬ್ಬರ ಮಾತೂ ಖರೆ ಎನ್ನಿಸಿತ್ತು.

ಆ ಚಳಿಗಾಲ ಪಕ್ಕದ ಹೊಲದಾತ ಬಂದೂಕು ಹಿಡಿದು ನಮ್ಮ ಬದುವಿಗೆ ಬಂದ. ಕಡಲೆಯಲ್ಲಿ ಚಿಗರಿಗಳು ಮೇಯುತ್ತಿದ್ದವು. ಅತ್ತೆ ಅಡ್ಡ ನಿಂತರು.

"ನಮ್ಮ ಹೊಲದಾಗ ಬ್ಯಾಡಪ್ಪ. ಮೈಸೂರಾಗ ಇವನ್ನ ನೋಡಾಕ ಮಂದಿ ಪಾಳಿ ಹಚ್ಚಿ ನಿಂದರತಾರ."

"ಖರೇನ ಅತ್ಯಾ? ಮತ್ತೇನೇನು ಐತ್ರಿ ಅಲ್ಲಿ?"

ಅತ್ತೆ ಅವನನ್ನು ಬೇವಿನ ಕೆಳಗೆ ಕೂರಿಸಿ ಆನೆಯಿಂದ ಶುರು ಮಾಡಿದರು. ಕರಡಿಯ ಕಥೆಗೆ ಬರುವಷ್ಟರಲ್ಲಿ ಆತ ನಕ್ಕು ನಕ್ಕು ಕಣ್ಣೊರೆಸಿಕೊಳ್ಳುತ್ತಿದ್ದ. ಚಿಗರಿಗಳು ಹೊಟ್ಟೆ ತುಂಬ ಮೇದು, ತಾವಾಗಿಯೇ ಹಳ್ಳದ ಕಡೆ ಜಿಗಿಯುತ್ತ ಹೋದವು.