ನನ್ನ ಮೇಲೆ ನಾನೇ ಕೊಟ್ಟ ದೂರು

“ನೀನು ಬಿ.ಎ. ಪಾಸಾದ್ರೆ ನನ್ನ ಅರ್ಧ ಮೀಸೆ ಬೋಳಿಸ್ಕೊತೀನಿ ಕಣಮ್ಮಿ” ಎಂದು ಬೆಳ್ಳಾವಿಯ ಸಂತೆಯಲ್ಲಿ ನಾಲ್ಕು ಜನರ ಮುಂದೆ ಹೇಳಿದವನು ನನ್ನ ಸೋದರಮಾವ. ನಾನು ಬೆಳೆದದ್ದು ಅವನ ಮನೆಯಲ್ಲೇ, ಅವನ ತಾಯಿಯ, ಅಂದರೆ ನನ್ನ ಅಜ್ಜಿಯ ಕೈಯಲ್ಲಿ. ನಮ್ಮ ಮನೆಯಲ್ಲಿ ಅಲ್ಲಿಯವರೆಗೆ ಎಲ್ಲರಿಗಿಂತ ಹೆಚ್ಚು ಓದಿದವನು ಅವನೇ. ಏಳನೇ ಕ್ಲಾಸು, ಅದೂ ಫೇಲು. ಹಾಗಾಗಿ ಓದಿನ ವಿಷಯದಲ್ಲಿ ಅವನ ಮಾತೇ ಕೊನೆಯ ಮಾತು.

ತುಮಕೂರಿನ ಕಾಲೇಜಿಗೆ ದಿನಾ ಬಸ್ಸಿನಲ್ಲಿ ನಿಂತು ಹೋದೆ, ನಿಂತು ಬಂದೆ. ಇಂಗ್ಲಿಷಿನಲ್ಲಿ ಎರಡು ಸಲ ಮುಗ್ಗರಿಸಿದೆ. ಎಂಬತ್ತರ ದಶಕದ ನಡುವೆ ಅಂತೂ ಪದವಿ ಪ್ರಮಾಣಪತ್ರ ಮನೆಗೆ ಬಂತು. ಪಾಸ್ ಕ್ಲಾಸು.

“ಮಾವ, ಮೀಸೆ?” ಎಂದೆ.

“ಪಾಸ್ ಕ್ಲಾಸಿಗೆಲ್ಲ ಮೀಸೆ ಲೆಕ್ಕಕ್ಕೆ ಬರಲ್ಲ ಬುಡು” ಎಂದ.

ಅಜ್ಜಿ ಪ್ರಮಾಣಪತ್ರವನ್ನು ದೇವರ ಮುಂದಿಟ್ಟಳು. ಹೊಸದಾಗಿ ಮನೆಗೆ ಬಂದದ್ದು ಏನೇ ಇರಲಿ, ಗುದ್ದಲಿಯಾಗಲಿ ರೇಡಿಯೋ ಆಗಲಿ, ಅರಿಶಿನ ಕುಂಕುಮ ಹಚ್ಚದೆ ಒಳಗೆ ಬಿಡುವವಳಲ್ಲ. ಅರಿಶಿನದಲ್ಲಿ ಅದ್ದಿದ ಹೆಬ್ಬೆರಳು ಕಾಗದದ ಹತ್ತಿರ ಬಂದಾಗ ನಾನು ಕಿರುಚಿಕೊಂಡೆ, “ಅಜ್ಜೀ, ಅಕ್ಷರದ ಮೇಲೆ ಬೇಡ!” ಅಜ್ಜಿ ಪತ್ರವನ್ನು ಮಗುಚಿ, ಹಿಂಭಾಗದ ಮೂಲೆಗೆ ಹೆಬ್ಬೆಟ್ಟು ಒತ್ತಿ, ಅದರ ನಡುವೆ ಕುಂಕುಮದ ಬೊಟ್ಟಿಟ್ಟಳು.

ಆಮೇಲೆ ನನಗೆ ಗಂಡು ಹುಡುಕುವ ಕಾಲ ಬಂತು. ನನಗೆ ಜಾತಕ ಇರಲಿಲ್ಲ. ರಾಗಿ ಕೊಯ್ಲಿನಲ್ಲಿ ಹುಟ್ಟಿದೆ ಎನ್ನುವುದಷ್ಟೇ ಮನೆಯವರ ನೆನಪಿನಲ್ಲಿದ್ದ ದಾಖಲೆ. ಮಾವ ಏನು ಮಾಡಿದ ಗೊತ್ತೇ? ಜಾತಕದ ಬದಲು ನನ್ನ ಪ್ರಮಾಣಪತ್ರವನ್ನೇ, ನನಗೆ ಹೇಳದೆ, ಸುರುಳಿ ಸುತ್ತಿಕೊಂಡು ಕುಣಿಗಲಿನ ಗಂಡಿನ ಮನೆಗೆ ಹೋದ. ಅವರಿಗೆ ಇಂಗ್ಲಿಷ್ ಬಾರದು. ಓದಿಸಿ ನೋಡುತ್ತೇವೆ ಎಂದು ಇಟ್ಟುಕೊಂಡು, ಊರಿನ ಟ್ಯುಟೋರಿಯಲ್ ಒಂದರ ಮಾಲೀಕನ ಕೈಗೆ ಕೊಟ್ಟರು. ಅವನು ಓದಿ ಹೇಳಿದ. ಆ ಕಡೆಯಿಂದ ಉತ್ತರ ಬಂತು: “ಹುಡುಗಿ ನಮ್ಮ ಹುಡುಗನಿಗಿಂತ ಜಾಸ್ತಿ ಓದವ್ಳೆ, ಬ್ಯಾಡ.” ಸಂಬಂಧ ವಾಪಸು ಬಂತು, ಪ್ರಮಾಣಪತ್ರ ಬರಲಿಲ್ಲ. ಮಾವ ಬಾಯಿ ಮುಚ್ಚಿಕೊಂಡಿದ್ದ.

ಒಂದೆರಡು ವರ್ಷ ಕಳೆದ ಮೇಲೆ ಗುಬ್ಬಿಯ ಕಚೇರಿಯೊಂದರಲ್ಲಿ ನನಗೆ ಗುಮಾಸ್ತೆಯ ಕೆಲಸ ಸಿಕ್ಕಿತು. ಮೂರು ತಿಂಗಳೊಳಗೆ ಅಸಲು ಪ್ರಮಾಣಪತ್ರ ತೋರಿಸಬೇಕು, ಇಲ್ಲದಿದ್ದರೆ ಕೆಲಸ ಪಟ್ಟಿಯಲ್ಲಿ ನನ್ನ ನಂತರದವರಿಗೆ. ಟ್ರಂಕು ತೆಗೆದರೆ ಖಾಲಿ. ಮಾವ ಕಿವಿ ಕೆರೆಯುತ್ತಾ ಎಲ್ಲ ಒಪ್ಪಿಕೊಂಡ. ಮರುದಿನವೇ ಕುಣಿಗಲಿಗೆ ಓಡಿ, ಮುಖ ಸಣ್ಣಗೆ ಮಾಡಿಕೊಂಡು ಬಂದ.

“ಆ ಟ್ಯುಟೋರಿಯಲ್ ಮಾಲೀಕ ಅದಕ್ಕೆ ಗಾಜು ಹಾಕ್ಸಿ ಗೋಡೆಗೆ ನೇತಾಕವ್ನೆ ಕಣಮ್ಮಿ. ಕೇಳಿದ್ರೆ, ‘ಇದು ನಮ್ಮ ಮೇಡಂದು, ಹೋಗಯ್ಯ’ ಅಂತಾನೆ. ಬೋರ್ಡಲ್ಲೂ ನಿನ್ನ ಹೆಸರೇ ಬರ್ಸವ್ನೆ!”

ಪೊಲೀಸರ ಹತ್ತಿರ ಹೋದರೆ, “ಕೈಯಾರೆ ಕೊಟ್ಟಿದ್ದು ಕಳ್ತನ ಹೆಂಗಾಗುತ್ತೆ?” ಎಂದರು. ಇನ್ನೊಂದು ಪ್ರತಿ ಕೇಳೋಣವೆಂದರೆ, ಅಸಲು ಕಳೆದುಹೋಗಿದೆ ಎಂದು ಪ್ರಮಾಣ ಮಾಡಿ ಬರೆದುಕೊಡಬೇಕು. ಕಳೆದಿಲ್ಲವಲ್ಲ, ಕುಣಿಗಲಿನ ಗೋಡೆಯ ಮೇಲಿದೆ!

ಗ್ರಾಹಕರ ಕಾನೂನು ಆಗ ಹೊಸದು. ಮೋಸ ಹೋದವರು ವಕೀಲರಿಲ್ಲದೆ ಬಿಳಿ ಹಾಳೆಯಲ್ಲಿ ದೂರು ಬರೆದುಕೊಡಬಹುದು ಎಂದು ಪತ್ರಿಕೆಯಲ್ಲಿ ಓದಿದ್ದೆ. ಮಾವನನ್ನು ಕರೆದುಕೊಂಡು ತುಮಕೂರಿನ ಆ ಕಚೇರಿಗೆ ಹೋದೆ. ಗುಮಾಸ್ತರು ಕಥೆಯನ್ನೆಲ್ಲ ಕೇಳಿ ತಲೆಯಾಡಿಸಿದರು.

“ನೀವು ಅಲ್ಲಿ ಫೀಸು ಕಟ್ಟಿದೀರಾ? ರಸೀದಿ ಇದೆಯಾ?”

“ಇಲ್ಲ ಸಾರ್.”

“ಹಂಗಾದ್ರೆ ನೀವು ಗ್ರಾಹಕರಲ್ಲ ಕಣಮ್ಮ. ನಾವು ಗ್ರಾಹಕರ ದೂರು ಮಾತ್ರ ತಗೊಳೋದು.”

ಮೆಟ್ಟಿಲಿಳಿಯುವಾಗ ಮಾವ ನಿಟ್ಟುಸಿರು ಬಿಟ್ಟ. ನಾನು ಮಾತ್ರ ನಗುತ್ತಿದ್ದೆ. “ನಡಿ ಮಾವ, ಫೀಸಿಗೆ ದುಡ್ಡು ತೆಗಿ. ನಾನು ಗ್ರಾಹಕಳಾಗಿ ಬರ್ತೀನಿ.”

ಟ್ಯುಟೋರಿಯಲ್ ಮಾಲೀಕ ಮಾವನನ್ನು ನೋಡಿದ್ದ, ನನ್ನನ್ನು ನೋಡಿರಲಿಲ್ಲ. ಮಾವನನ್ನು ಬಸ್ ಸ್ಟ್ಯಾಂಡಿನಲ್ಲೇ ಕೂರಿಸಿ ಒಬ್ಬಳೇ ಹೋದೆ. ಬೋರ್ಡಿನಲ್ಲಿ ನನ್ನ ಹೆಸರು, ಮುಂದೆ ‘ಬಿ.ಎ., ಪ್ರಥಮ ದರ್ಜೆ, ಇಂಗ್ಲಿಷ್’. ಮೂರು ವರ್ಷ ಓದಿದರೂ ನನಗೆ ಸಿಗದ ಪ್ರಥಮ ದರ್ಜೆಯನ್ನು ಪೇಂಟರ್ ಒಂದೇ ದಿನದಲ್ಲಿ ಕೊಟ್ಟಿದ್ದ.

“ಎಸ್ಸೆಸ್ಸೆಲ್ಸಿ ಇಂಗ್ಲಿಷ್ ಕಟ್ಬೇಕು ಸಾರ್” ಎಂದೆ.

ಅವನು ನನ್ನನ್ನು ಮೇಲಿಂದ ಕೆಳಗೆ ನೋಡಿದ. “ನಮ್ ಮೇಡಂ ಭಾರಿ ಸ್ಟ್ರಿಕ್ಟು. ನಿಂಗೆ ಅವರ ಪಾಠ ಅರ್ಥ ಆಗೋದು ಕಷ್ಟಾನೇ. ಇರಲಿ, ಹೆಸರು?”

ನಮ್ಮ ಕಾಲದಲ್ಲಿ ಒಂದೊಂದು ಕ್ಲಾಸಿನಲ್ಲೂ ಮೂವರಿಗೆ ಇರುತ್ತಿದ್ದ ಹೆಸರು ನನ್ನದು. ಧೈರ್ಯವಾಗಿ ಹೇಳಿದೆ.

“ಓಹೋ, ಮೇಡಂ ಹೆಸರೇ! ಅದೃಷ್ಟ ಕಣಮ್ಮ ನಿಂದು.”

ಯಾವ ಟೀಚರ್ ಪಾಠ ಮಾಡುತ್ತಾರೆ ಎಂಬುದನ್ನೂ ರಸೀದಿಯಲ್ಲಿ ಬರೆಸಿಕೊಂಡೆ. ಮೂರು ದಿನ ಬೆಂಚಿನ ಮೇಲೆ ಕೂತೆ. ಮೊದಲ ದಿನ ಮೇಡಂಗೆ ಜ್ವರ. ಎರಡನೇ ದಿನ ಮೇಡಂ ತಂಗಿಯ ಮದುವೆ. ನನಗೆ ತಂಗಿಯೇ ಇಲ್ಲ! ಮೂರನೇ ದಿನ ಮಾಲೀಕ ತಾನೇ ಗೈಡು ಹಿಡಿದು ಓದಿದ. ಪಕ್ಕದಲ್ಲಿದ್ದ ಹುಡುಗಿ ನನ್ನ ಕಿವಿಯಲ್ಲಿ, “ಅಕ್ಕಾ, ಆ ಮೇಡಂನ ನಾವ್ಯಾರೂ ನೋಡೇ ಇಲ್ಲ. ಮೂರು ತಿಂಗಳಾಯ್ತು” ಎಂದಳು. ನಾಲ್ಕನೇ ದಿನ ನನ್ನ ದೂರು ತುಮಕೂರಿನ ಮೇಜಿನ ಮೇಲಿತ್ತು.

ವಿಚಾರಣೆಯ ದಿನ ಬಂದಾಗ ನನ್ನ ಗಡುವಿಗೆ ಒಂಬತ್ತು ದಿನ ಉಳಿದಿತ್ತು. ಮಾಲೀಕ, ಕಚೇರಿಯವರು ಹೇಳಿಕಳಿಸಿದ್ದಂತೆ, ಪ್ರಮಾಣಪತ್ರದ ಗಾಜಿನ ಫ್ರೇಮ್ ತಂದಿದ್ದ. ಟೀಚರನ್ನು ಮಾತ್ರ ತಂದಿರಲಿಲ್ಲ. ಗ್ರಾಹಕರ ವೇದಿಕೆಯ ಅಧ್ಯಕ್ಷರು ವಯಸ್ಸಾದವರು, ಕನ್ನಡಕ ಏರಿಸಿ ಇಳಿಸಿ ನನ್ನ ದೂರನ್ನು ಎರಡು ಸಲ ಓದಿದರು.

“ದೂರು ಕೊಟ್ಟವರ ಹೆಸರೂ ಇದೇ, ಪಾಠಕ್ಕೆ ಬಾರದ ಟೀಚರ ಹೆಸರೂ ಇದೇ. ನಿಮ್ಮ ಮೇಲೆ ನೀವೇ ದೂರು ಕೊಟ್ಟಿದೀರೇನಮ್ಮ?”

“ಹೌದು ಸಾರ್. ಮೂರು ದಿನ ಹೋಗಿ ಕಾದೆ. ನಾನು ಬರಲೇ ಇಲ್ಲ.”

ಪಕ್ಕದಲ್ಲಿದ್ದ ಸದಸ್ಯರು ಕೆಮ್ಮಿದಂತೆ ಮಾಡಿ ನಗು ನುಂಗಿಕೊಂಡರು. ಮಾಲೀಕ ಎದ್ದು, ತನ್ನ ಮೇಡಂ ಬೇರೆ, ಹೆಸರು ಒಂದೇ ಇರುವವರು ಜಿಲ್ಲೆಯಲ್ಲಿ ಎಷ್ಟೋ ಜನ, ಈಗ ಅವರು ರಜೆಯಲ್ಲಿದ್ದಾರೆ ಎಂದ. ಅಧ್ಯಕ್ಷರು ನನ್ನ ಕಡೆ ತಿರುಗಿದರು. “ಈ ಪ್ರಮಾಣಪತ್ರ ನಿಮ್ಮದೇ ಅನ್ನೋದಕ್ಕೆ ಏನು ಗುರುತು?”

ಹಿಂದಿನ ಬೆಂಚಿನಲ್ಲಿದ್ದ ಮಾವನನ್ನು ನೋಡಿದೆ. ಎಲ್ಲರೆದುರು ತನ್ನ ಪೆದ್ದುತನ ಹೇಳಿಕೊಳ್ಳಬೇಕೆಂದು ಅವನು ಬಸ್ಸಿನುದ್ದಕ್ಕೂ ಕೊರಗಿದ್ದ. ಆದರೂ ಎದ್ದು ನಿಂತ.

“ಸಾಮಿ, ಹಿಂದ್ಗಡೆ ಮೂಲೇಲಿ ನಮ್ಮವ್ವ ಅರಿಶಿನದ ಹೆಬ್ಬೆಟ್ಟು ಒತ್ತವ್ಳೆ. ನಡುವೆ ಕುಂಕುಮ. ಜಾತಕ ಇಲ್ಲ ಅಂತ ನಾನೇ ಅದನ್ನ ಗಂಡಿನ ಮನೆಗೆ ಒಯ್ದೆ. ತಪ್ಪು ನಂದು.”

ಜವಾನ ಫ್ರೇಮಿನ ಹಿಂದಿನ ರಟ್ಟು ಕಿತ್ತ. ಪತ್ರ ಮಗುಚಿದ. ಮೂಲೆಯಲ್ಲಿ ಅಜ್ಜಿಯ ಹೆಬ್ಬೆರಳು, ಹಳದಿ ಮಾಸದೆ ಕೂತಿತ್ತು. ಮೇಡಂ ಹೆಸರು ಹೇಳಿ ವಸೂಲಿ ಮಾಡಿದ ಫೀಸನ್ನೆಲ್ಲ ಮಕ್ಕಳಿಗೆ ಹಿಂದಿರುಗಿಸಬೇಕು, ಬೋರ್ಡು ಇಳಿಸಬೇಕು, ಪ್ರಮಾಣಪತ್ರ ನನಗೆ ಸೇರಬೇಕು ಎಂದು ಅಧ್ಯಕ್ಷರು ಬರೆಸಿದರು. ಗುಬ್ಬಿಯ ಕೆಲಸ ನನಗೆ ಉಳಿಯಿತು.

ನಾನು ಸಹಿ ಹಾಕುತ್ತಿದ್ದೆ. ಅಂದು ನನ್ನನ್ನು ಗ್ರಾಹಕಳಲ್ಲ ಎಂದಿದ್ದ ಗುಮಾಸ್ತರೇ ಹತ್ತಿರದಲ್ಲಿದ್ದ ಮಾವನ ಕಡೆಗೆ ಪ್ರಮಾಣಪತ್ರ ಚಾಚಿದರು. ಮಾವ ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡ.

“ನಂಗೆ ಬ್ಯಾಡಿ ಸಾಮಿ, ಓದಿದೋಳ ಕೈಗೇ ಕೊಡಿ” ಎಂದ. ನಾನು ಎರಡು ಕೈಯಲ್ಲೂ ತೆಗೆದುಕೊಂಡೆ. ಅವನು ಮೀಸೆ ಮುಟ್ಟಿ ನೋಡಿಕೊಂಡು, ನನ್ನ ಕಿವಿಯ ಹತ್ತಿರ ಬಂದು ಹೇಳಿದ: “ಇಲ್ಲೇ ಎದುರಿಗೆ ಒಂದು ಸೆಲೂನ್ ಐತೆ ಕಣಮ್ಮಿ. ಯಾವ ಕಡೇದು ತೆಗೆಸ್ಲಿ, ನೀನೇ ಹೇಳು.”