ಎದುರಾಳಿಗೆ ಸಿಗದಿದ್ದ ತೀರ್ಪು

ಹೊಳೆನರಸೀಪುರದ ನ್ಯಾಯಾಲಯದಲ್ಲಿ ನನ್ನ ಸೀನಿಯರ್ ಮೇಡಂ ಎದ್ದು, ನಮ್ಮ ಕಕ್ಷಿದಾರರಿಗೇ ವಿರುದ್ಧವಾಗಿದ್ದ ಹೈಕೋರ್ಟ್ ತೀರ್ಪೊಂದನ್ನು ನ್ಯಾಯಾಧೀಶರ ಮುಂದಿಟ್ಟರು. ಎದುರು ವಕೀಲರಿಗೆ ಅದು ಸಿಕ್ಕಿರಲಿಲ್ಲ. ಹುಡುಕಿ ಕೊಟ್ಟಿದ್ದ ಜೂನಿಯರ್ ನಾನೇ.

ಹೊಲದ ದಾರಿಗಾಗಿ ದಾವೆ ಹೂಡಿದ್ದ ಜಯಮ್ಮ, “ಅಯ್ಯೋ, ನಮ್ ಲಾಯರಮ್ಮನೇ ಇಂಗ್ ಮಾಡ್ಬುಟ್ರಲ್ಲವ್ವಾ!” ಎಂದು ನನ್ನ ಕೈ ಹಿಡಿದರು.

ದಾರಿ ನಿರಾಕರಿಸಿದ್ದ ಆ ಹೈಕೋರ್ಟ್ ಪ್ರಕರಣದಲ್ಲಿ ಹೊಲಕ್ಕೆ ಇನ್ನೊಂದು ದಾರಿಯಿತ್ತು, ಜಯಮ್ಮನಿಗೆ ಇರುವುದು ಇದೊಂದೇ ಎಂದು ಮೇಡಂ ನಕ್ಷೆ ತೋರಿಸಿ ನಿಧಾನವಾಗಿ ವಾದಿಸಿದರು. ದಾರಿಗೆ ಅಡ್ಡಲಾಗಿ ಹಾಕಿದ್ದ ಬೇಲಿ ತೆಗೆಯುವಂತೆ ಅಂದೇ ಆದೇಶವಾಯಿತು.

ಹೊರಗೆ ಬಂದ ಮೇಲೆ ಮೇಡಂ, “ನಾವು ಹುಡುಕೋದು ಮುಚ್ಚಿಡೋಕಲ್ಲ ಕಣಮ್ಮ, ಉತ್ತರ ಕೊಡೋಕೆ” ಎಂದರು.

ಈಗ ಯಾವ ವಾದ ಬರೆಯಲು ಕೂತರೂ, ನಮ್ಮನ್ನು ಸೋಲಿಸಬಲ್ಲ ತೀರ್ಪನ್ನೇ ನಾನು ಮೊದಲು ಓದುತ್ತೇನೆ.