ಇವದೋರಾ ಬಿದ್ದ ದಿನ

ಉರುಷಿಹಾರ ಸದಾಜಿ ನಲವತ್ತೊಂದು ಸಿನಿಮಾ ತೆಗೆದರು. ದೆವ್ವದವು, ಸಮುದ್ರದಿಂದ ಎದ್ದು ಬರುವ ದೈತ್ಯ ಪ್ರಾಣಿಗಳವು, ಬೇರೆ ಗ್ರಹದವರು ಬಂದು ಟೋಕಿಯೋ ತುಳಿಯುವವು. ಒಂದಕ್ಕೂ ಪ್ರಶಸ್ತಿ ಬರಲಿಲ್ಲ. ಮಕ್ಕಳನ್ನು ಮರುಳು ಮಾಡುವ ಸರಕು ಅಂತ ಪತ್ರಿಕೆಯವರು ಬರೆದರು. ಬರೆದವರಲ್ಲಿ ಒಬ್ಬನಾದರೂ ಆ ರಬ್ಬರ್ ವೇಷದೊಳಗೆ ಹತ್ತು ನಿಮಿಷ ನಿಂತು ಬರಲಿ, ಆಮೇಲೆ ಮಾತಾಡೋಣ. ನಾನು ಹದಿನಾರು ವರ್ಷ ನಿಂತಿದ್ದೇನೆ. ಅವರ ಪ್ರಾಣಿಗಳೆಲ್ಲ ನಾನೇ.

ಕವಾಸಾಕಿಯಲ್ಲಿ ಗೋಡೆಗೆ ಪೋಸ್ಟರ್ ಅಂಟಿಸುತ್ತಿದ್ದ ಉರುಷಿಹಾರ ಆಮೇಲೆ ನಿರ್ಮಾಪಕರಾದರು. ಪೋಸ್ಟರಿನಲ್ಲಿ ಬರೆದದ್ದು ಪರದೆ ಮೇಲೆ ಇರಲೇಬೇಕು ಅನ್ನುವ ಹಟ ಆಗಿನಿಂದಲೇ ಇತ್ತು.

ಜನ ಟೀವಿ ಮುಂದೆ ಕೂತು ಥಿಯೇಟರುಗಳು ಖಾಲಿ ಹೊಡೆಯುತ್ತಿದ್ದ ಕಾಲ. ಇವದೋರಾ ಅನ್ನುವ ಹೊಸ ಪ್ರಾಣಿಯ ಸಿನಿಮಾ ಶುರುವಾಗಬೇಕಿತ್ತು. ಕಂಪನಿಯ ದೊಡ್ಡ ಆಫೀಸಿನಿಂದ ಖರ್ಚು ನೋಡುವ ಕಾಶಿವಾದೆ ಬಂದ.

"ನಿಮ್ಮ ಇವದೋರಾಗೆ ಹೊಸ ಊರು ಕಟ್ಟೋದು ಬೇಡ. ಹಳೇ ಸಿನಿಮಾದಲ್ಲಿ ಊರು ಸುಟ್ಟಿದ್ದು ಇದೆಯಲ್ಲ, ಅದನ್ನೇ ಅಂಟಿಸಿ."

ಉರುಷಿಹಾರ ಅಂದರು, "ಆ ಹಳೇ ಪ್ರಾಣಿಗೆ ಎರಡು ಕೊಂಬು. ಇದಕ್ಕೆ ಒಂದೇ."

"ಕೊಂಬು ಯಾರ್ರೀ ಎಣಿಸ್ತಾರೆ?"

"ಏಳು ವರ್ಷದವ್ರು ಎಣಿಸ್ತಾರೆ. ನೀವು ಎಣಿಸಲ್ಲ, ಅಷ್ಟೇ."

ಕಾಶಿವಾದೆಯ ಕಿವಿ ಕೆಂಪಾಯಿತು. "ಸರಿ. ಒಂದು ಊರು, ಒಂದೇ ಸಲ. ಆ ಶಾಟ್ ಕೆಟ್ಟರೆ ಹಳೇದನ್ನೇ ಅಂಟಿಸ್ತೀನಿ. ಈ ಶೂಟಿಂಗ್ ಫ್ಲೋರ್‌ಗೆ ಬೀಗಾನೂ ಹಾಕ್ತೀನಿ."

ಮಾದರಿ ಊರು ಕಟ್ಟುವವನು ಬಡಗಿ ಮೊಮೊಸೆ, ದೇವಸ್ಥಾನ ಕಟ್ಟುತ್ತಿದ್ದವನ ಮಗ. ಕಟ್ಟಡ ನಿಲ್ಲಿಸಿ, ಒಳಗಿನ ಕಂಬಗಳನ್ನು ಗರಗಸದಿಂದ ಅರ್ಧ ಕೊಯ್ದು ಬಿಡುವುದು ನಮ್ಮ ಪದ್ಧತಿ. ನಾನು ಒದ್ದರೆ ಪುಡಿಯಾಗಬೇಕಲ್ಲ. ಉರುಷಿಹಾರ ಅವನಿಗೆ ಒಂದೇ ಮಾತು ಹೇಳಿದ್ದರು: "ಇದು ಕೊನೇ ಊರು ಆಗ್ಬಹುದು, ಮೇಸ್ತ್ರಿ."

ಶಾಟ್ ದಿನ ಕೆಡುಕು ಒಳಗೆ ಬರದಿರಲಿ ಅಂತ ಬಾಗಿಲಿಗೆ ಉಪ್ಪಿನ ಗುಡ್ಡೆ ಇಟ್ಟು, ಎಲ್ಲರೂ ಎರಡು ಚಪ್ಪಾಳೆ ತಟ್ಟಿ ದೇವರಿಗೆ ಕೈಮುಗಿದೆವು. ನಾಲ್ಕು ಕ್ಯಾಮೆರಾ ತಿರುಗಿದವು. ಬೆಂಕಿ ಹತ್ತಿತು. ನಾನು ಹೋಗಿ ಎದೆಯೆತ್ತರದ ದೊಡ್ಡ ಅಂಗಡಿಗೆ ಝಾಡಿಸಿ ಒದ್ದೆ.

ಅದು ಅಲ್ಲಾಡಲಿಲ್ಲ. ನಾನು ಬಿದ್ದೆ! ರೈಲು ಕಂಬಿ ಮೇಲೆ, ಬಾಲ ಅಡಿಗೆ ಸಿಕ್ಕಿ, ಅಂಗಾತ.

"ನಿಲ್ಲಿಸಬೇಡಿ!" ಉರುಷಿಹಾರರ ಕೂಗು. "ಏಳಯ್ಯಾ!"

ಎದ್ದೆ. ಆ ಕೋಪ ನಟನೆಯಲ್ಲ. ಭುಜದಲ್ಲಿ ಗುದ್ದಿದೆ, ಬಗ್ಗಲಿಲ್ಲ. ಕೊಂಬು ಮುಂದೆ ಮಾಡಿ ನುಗ್ಗಿದ ಮೇಲೆ ದರಿದ್ರದ್ದು ಉರುಳಿತು.

ಮುಖವಾಡ ಕಿತ್ತವನೇ ಮೊಮೊಸೆ ಮೇಲೆ ಹಾರಿದೆ. "ನಿಮ್ಮಪ್ಪ ದೇವಸ್ಥಾನ ಕಟ್ತಿದ್ದ ಅಂತ ನನ್ನ ಸೊಂಟ ಮುರೀತೀಯೇನೋ?"

ಅವನು ಉರುಷಿಹಾರರ ಕಡೆ ತಿರುಗಿದ. "ಕೊನೇ ಊರು ಅಂದ್ರಲ್ಲ, ಯಜಮಾನ್ರೇ. ಗರಗಸ ಇಡೋಕೆ ಕೈ ಬರ್ಲಿಲ್ಲ."

ರೀಲು ನೋಡಿದ ಕಾಶಿವಾದೆ ಎದ್ದು ನಿಂತ. "ಶಾಟ್ ಕೆಟ್ಟಿದೆ. ಪ್ರಾಣಿ ಬಿದ್ದರೆ ಜನ ನಗ್ತಾರೆ."

ಉರುಷಿಹಾರ ಅಂದರು, "ನಗಲಿ. ಟೋಕಿಯೋ ಒಂದೇ ಒದೆಗೆ ಯಾಕ್ರೀ ಬೀಳ್ಬೇಕು? ಯುದ್ಧದಲ್ಲಿ ಸುಟ್ಟ ಊರಲ್ಲಿ ನಾನು ಬೆಳೆದೋನು. ನಮ್ಮೂರು ತಿರುಗಿ ಒದೆಯೋದನ್ನ ಒಂದ್ಸಲ ನೋಡ್ಬೇಕು ನಂಗೆ."

"ರೀಲು ಕೊಡಿ."

ಉರುಷಿಹಾರ ರೀಲಿನ ಡಬ್ಬಿಯನ್ನು ನೆಲಕ್ಕಿಟ್ಟು ಅದರ ಮೇಲೆ ಕೂತರು. ಜೇಬಿನಿಂದ ಅನ್ನದುಂಡೆ ತೆಗೆದು ತಿನ್ನತೊಡಗಿದರು. ಒಂದು ಮುಗಿಯಿತು, ಎರಡನೆಯದು ತೆಗೆದರು. ಕಾಶಿವಾದೆ ಬಾಗಿಲು ಬಡಿದು ಹೋದ.

ಸಿನಿಮಾ ಹಾಗೇ ಬಿಡುಗಡೆಯಾಯಿತು. ಟೋಕಿಯೋದ ಕಿನ್‌ಶಿಚೋ ಥಿಯೇಟರಿನಲ್ಲಿ ನಾನು ಹಿಂದಿನ ಸಾಲಿನಲ್ಲಿದ್ದೆ. ಇವದೋರಾ ಬಿದ್ದಾಗ ಮಕ್ಕಳು ಬಿದ್ದು ಬಿದ್ದು ನಕ್ಕರು. ಆಮೇಲೆ ಅರ್ಧ ಥಿಯೇಟರು ಎದ್ದು ನಿಂತು "ಏಳೋ, ಏಳೋ!" ಅಂತ ಕೂಗಿತು. ಇನ್ನರ್ಧ "ಬೀಳಬೇಡ, ಅಂಗಡಿ!" ಅಂತ. ಎರಡನೇ ವಾರಕ್ಕೆ ಟಿಕೆಟ್ ಸಾಲು ಬೀದಿ ತಿರುವು ದಾಟಿತು. ಕಾಶಿವಾದೆ ಬೀಗದ ಮಾತು ಎತ್ತಲಿಲ್ಲ.

ಮುಂದಿನ ಊರು ಕಟ್ಟುವಾಗ ಮೊಮೊಸೆ ಗರಗಸ ಹಿಡಿದು ಬಂದ. ಉರುಷಿಹಾರ ತಡೆದು, ನನ್ನ ಕಡೆ ಬೆರಳು ತೋರಿಸಿದರು.

"ಎಲ್ಲಾ ಕೊಯ್ಯಿ. ಒಂದು ಕಟ್ಟಡ ಮಾತ್ರ ಬಿಡು. ಯಾವ್ದು ಅಂತ ಇವನಿಗೆ ಹೇಳ್ಬೇಡ."

ಅಲ್ಲಿಂದ ಎಂಟು ಸಿನಿಮಾ. ಪಾಪಿಗಳು ಒಮ್ಮೆಯೂ ಹೇಳಲಿಲ್ಲ.